ಸಿಸ್ಟರಿಗೆ ಒಂದು ಸ್ಪ್ಯಾನಿಷ್ ವಾಕ್ಯ

ನಮ್ಮ ಐದು ತಾಲೂಕುಗಳಲ್ಲಿ ಯಾವ ಕೆಲಸವನ್ನೂ ಒಬ್ಬರೇ ಮಾಡಲು ಜನ ಬಿಡುವುದಿಲ್ಲ. ಕೂಡ್ಲಿಗಿಯಲ್ಲಿ ಹುಟ್ಟಿ, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಆಸ್ಪತ್ರೆಗಳಲ್ಲಿ ನರ್ಸಾಗಿ ದುಡಿದು, ನಿವೃತ್ತಿಯ ನಂತರ ಕೊಟ್ಟೂರಿನಲ್ಲಿ ನರ್ಸಿಂಗ್ ಓದುವ ಹುಡುಗಿಯರ ಹಾಸ್ಟೆಲಿಗೆ ಮೇಟ್ರನ್ ಆಗಿರುವ ನನಗೆ ಇಷ್ಟು ಹೊತ್ತಿಗೆ ಇದು ಅಭ್ಯಾಸವಾಗಿರಬೇಕಿತ್ತು. ಆಗಿಲ್ಲ. ಬಾಗಿಲು ಹಾಕಿಕೊಂಡು ಒಂದು ಗುಂಡಿ ಹೊಲಿದರೂ ಯಾರೋ ಬಂದು ದಾರದ ಬಣ್ಣ ಹೊಂದುವುದಿಲ್ಲ ಎನ್ನುತ್ತಾರೆ. ಹೋದ ವರ್ಷ ನಾನು ಮಾಡಲು ಹೊರಟದ್ದು ಗುಂಡಿ ಹೊಲಿಯುವುದಕ್ಕಿಂತ ಸಣ್ಣ ಕೆಲಸ. ಒಂದು ವಾಕ್ಯ ಕಲಿಯುವುದು. ಒಂದೇ ವಾಕ್ಯ, ನಾಲ್ಕು ಶಬ್ದ. ಅದಕ್ಕೆ ಮೂರು ತಿಂಗಳು ಹಿಡಿಯಿತು. ನನ್ನ ಮರ್ಯಾದೆಯಲ್ಲಿ ಒಂದೊಂದು ಪಾಲು ಒಂದೊಂದು ಊರಿನಲ್ಲಿ ಉಳಿಯಿತು.

ಸಿಸ್ಟರಿಗೆ 'ನೀನು' ಎಂದ ಫೋನು

ನಾನು ಓದಿದ್ದು ಕೂಡ್ಲಿಗಿ ಕಡೆಯ ಒಂದು ಸಣ್ಣ ಕಾನ್ವೆಂಟಿನಲ್ಲಿ. ಈಗ ಅದು ಇಲ್ಲ. ಅಲ್ಲಿ ಸ್ಪೇನ್ ದೇಶದ ಒಬ್ಬ ಸಿಸ್ಟರ್ ಇದ್ದರು. ಕಾಂಪೌಂಡಿನ ಒಳಗೆ ಶಾಲೆ, ಗೋಡೆಯ ಆಚೆ ದವಾಖಾನೆ. ಎರಡನ್ನೂ ನಡೆಸುತ್ತಿದ್ದವರು ಅವರೇ. ಕುರಿ ಕಾಯುತ್ತಿದ್ದ ನನ್ನ ಅಪ್ಪ ಜ್ವರದ ಔಷಧಿಗೆಂದು ಆ ದವಾಖಾನೆಗೆ ಹೋದಾಗ, ಅಪ್ಪನ ಹೆಗಲ ಮೇಲಿದ್ದ ನನ್ನನ್ನು ನೋಡಿ, ಈಕೆಯನ್ನು ನಮ್ಮ ಶಾಲೆಗೆ ಬಿಡು ಎಂದವರು ಅವರು. ನನಗೆ ಅಕ್ಷರ ಕಲಿಸಿದ್ದು, ಉಗುರು ಕತ್ತರಿಸಿಕೊಳ್ಳಲು ಕಲಿಸಿದ್ದು, ಹಾಸಿಗೆಯ ಚಾದರದ ಮೂಲೆ ಮಡಚಲು ಕಲಿಸಿದ್ದು, ಕೊನೆಗೆ ನರ್ಸಿಂಗಿಗೆ ಕಳಿಸಿದ್ದು, ಎಲ್ಲಾ ಅವರೇ.

ಅವರ ನಿಯಮ ಒಂದೇ. ಕಾಂಪೌಂಡಿನ ಒಳಗೆ ಇಂಗ್ಲಿಷ್ ಮಾತ್ರ. ಬಾಯಿಂದ ಕನ್ನಡ ಬಂದರೆ ಮೂಲೆಯಲ್ಲಿ ಗೋಡೆಗೆ ಮುಖ ಮಾಡಿ, ಗಂಟೆ ಹೊಡೆಯುವವರೆಗೆ ನಿಲ್ಲಬೇಕು. ಆಚೆ ದವಾಖಾನೆಯಲ್ಲಿ ರೋಗಿಗಳನ್ನು ಅವರು ಕೂಡ್ಲಿಗಿಯವರಿಗಿಂತ ಚೆನ್ನಾಗಿ ಕನ್ನಡದಲ್ಲಿ ಬೈಯುತ್ತಿದ್ದರು. ಗೋಡೆ ದಾಟಿ ನಮಗೆ ಕೇಳಿಸುತ್ತಿತ್ತು. ಗೇಟಿನ ಒಳಗೆ ಕಾಲಿಟ್ಟರೆ ಮಾತ್ರ ಒಂದಕ್ಷರ ಇಲ್ಲ. ನನ್ನ ಜೊತೆಯ ಹುಡುಗಿಯರೆಲ್ಲ ಸರದಿಯ ಪ್ರಕಾರ ಆ ಮೂಲೆಯಲ್ಲಿ ನಿಂತವರೇ. ಹತ್ತು ವರ್ಷದಲ್ಲಿ ನಾನು ಒಂದು ದಿನವೂ ನಿಂತವಳಲ್ಲ. ಇದನ್ನು ಹೆಮ್ಮೆಯಿಂದಲೇ ಹೇಳುತ್ತೇನೆ, ಯಾರು ಏನಾದರೂ ಅಂದುಕೊಳ್ಳಲಿ.

ಬಹಳ ವರ್ಷಗಳ ಹಿಂದೆ ಅವರು ತಮ್ಮ ದೇಶಕ್ಕೆ ಮರಳಿದರು. ಕೆಲವು ವರ್ಷ ಕ್ರಿಸ್‌ಮಸ್ಸಿಗೆ ಕಾರ್ಡು ಬಂತು. ಆಮೇಲೆ ಅದೂ ನಿಂತಿತು. ಹೋದ ವರ್ಷ ಇದ್ದಕ್ಕಿದ್ದಂತೆ ಸ್ಪೇನಿನಿಂದ ಒಂದು ಇ-ಮೇಲ್ ಬಂತು. ವಯಸ್ಸಾದ ಸಿಸ್ಟರುಗಳನ್ನು ನೋಡಿಕೊಳ್ಳುವ ಒಂದು ಮನೆಯಿಂದ, ಅಲ್ಲಿಯ ಕಿರಿಯ ಸಿಸ್ಟರೊಬ್ಬರು ಬರೆದಿದ್ದರು. ನಿಮ್ಮ ಇ-ಮೇಲ್ ವಿಳಾಸವಿದ್ದ ಒಂದು ಕಾರ್ಡು ಇವರ ಹಳೆಯ ಪ್ರಾರ್ಥನೆಯ ಪುಸ್ತಕದಲ್ಲಿ ಸಿಕ್ಕಿತು. ಇವರಿಗೆ ಈಗ ಯಾರ ಗುರುತೂ ಹತ್ತುವುದಿಲ್ಲ. ಇಂಗ್ಲಿಷ್ ಪೂರ್ತಿ ಮರೆತಿದ್ದಾರೆ, ಸ್ಪ್ಯಾನಿಷ್ ಒಂದೇ ಉಳಿದಿದೆ. ಒಮ್ಮೊಮ್ಮೆ ಅರ್ಥವಿಲ್ಲದ ಏನೇನೋ ಶಬ್ದಗಳನ್ನು ಆಡುತ್ತಾರೆ, ವಯಸ್ಸಿನ ಗೊಂದಲ. ಇವರ ಹುಟ್ಟುಹಬ್ಬದ ಭಾನುವಾರ ನೀವು ಬಯಸಿದರೆ ವಿಡಿಯೋದಲ್ಲಿ ಮಾತಾಡಿಸಬಹುದು. ಇಷ್ಟು ಇತ್ತು.

ಇಷ್ಟು ವರ್ಷದಲ್ಲಿ ನಾನು ಸಿಸ್ಟರಿಗೆ 'ಥ್ಯಾಂಕ್ಯೂ' ಬಿಟ್ಟು ಬೇರೇನೂ ಹೇಳಿದವಳಲ್ಲ. ಅವರಿಲ್ಲದ್ದು ನನಗೆ ಕೊರತೆಯಾಗಿದೆ, ಅವರ ನೆನಪು ಕಾಡುತ್ತದೆ ಎಂಬುದನ್ನು ಒಮ್ಮೆಯಾದರೂ ಹೇಳಬೇಕು, ಅವರಿಗೆ ತಿಳಿಯುವ ನುಡಿಯಲ್ಲೇ ಹೇಳಬೇಕು ಎಂದು ತೀರ್ಮಾನಿಸಿದೆ.

ಕೊನೆಯ ವರ್ಷದ ಒಬ್ಬ ಹುಡುಗಿಯನ್ನು ಕರೆದು ಫೋನಿನಲ್ಲಿ ಹುಡುಕಲು ಹೇಳಿದೆ. ಅವಳು ಎರಡು ವಾಕ್ಯ ತೋರಿಸಿದಳು. ಒಂದು 'ತೆ ಎಸ್ತ್ರಾನ್ಯೊ', ಅದು ಅಮೆರಿಕ ಖಂಡದ ಕಡೆಯವರು ಹೆಚ್ಚಾಗಿ ಹೇಳುವುದಂತೆ. ಇನ್ನೊಂದು 'ತೆ ಏಚೊ ದೆ ಮೇನೊಸ್', ಇದು ಸ್ಪೇನಿನವರದು. ನಮಗೆ ಸ್ಪೇನಿನದು ಸಾಕು ಎಂದೆ.

"ಇದರಲ್ಲಿ 'ತೆ' ಎಂದರೆ ಏನು?"

"ನೀನು, ನಿನ್ನ ಅಂತ ಬರ್ತೈತ್ರಿ ಮೇಡಂ."

ನನಗೆ ಮೈ ಉರಿಯಿತು. ಸಿಸ್ಟರಿಗೆ ನೀನು ಎನ್ನುವುದೇ?

"ಫೋನಿಗೆ ಏನ್ ಗೊತ್ತಾಗ್ಬೇಕ್ರಿ, ಸಿಸ್ಟರ್ ಯಾರು ಅಂತ?"

"ಗೊತ್ತಿಲ್ಲದಿದ್ದರೆ ಎಲ್ಲರಿಗೂ ನೀವು ಎನ್ನಬೇಕು. ನಾನು ಬಸ್ಸಿನ ಕಂಡಕ್ಟರಿಗೂ ನೀವು ಎನ್ನುತ್ತೇನೆ. ಇನ್ನೊಮ್ಮೆ ಹುಡುಕು."

ಅರ್ಧ ತಾಸು ತಡಕಾಡಿದ ಮೇಲೆ ಮರ್ಯಾದೆಯ ರೂಪ ಸಿಕ್ಕಿತು. 'ಲಾ ಏಚೊ ದೆ ಮೇನೊಸ್.' ಅದನ್ನು ನನ್ನ ಡೈರಿಯಲ್ಲಿ ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಬರೆದುಕೊಂಡೆ. ಹುಡುಗಿ ಬಾಗಿಲವರೆಗೆ ಹೋದವಳು ತಿರುಗಿ ನಿಂತಳು.

"ಮೇಡಂ, ನಮ್ಮವ್ವ ದೇವ್ರಿಗೇ ನೀನು ಅಂತಾಳ್ರಿ."

"ದೇವರು ಮೂಲೆಯಲ್ಲಿ ನಿಲ್ಲಿಸುವುದಿಲ್ಲ" ಎಂದೆ.

ಹರಪನಹಳ್ಳಿಯ ಗುರು

ಯಂತ್ರದ ದನಿಯನ್ನು ನಂಬಿ ಉಚ್ಚಾರ ಕಲಿಯುವವಳು ನಾನಲ್ಲ. ಮನುಷ್ಯರ ಬಾಯಿಂದ ಕೇಳಬೇಕು. ನಮ್ಮ ಕಡೆ ಸ್ಪ್ಯಾನಿಷ್ ಬಲ್ಲವರು ಯಾರಿದ್ದಾರೆ ಎಂದು ವಿಚಾರಿಸಿದಾಗ, ಹರಪನಹಳ್ಳಿಯಲ್ಲಿ ನನ್ನ ಜೊತೆ ಕೆಲಸ ಮಾಡಿದ ನರ್ಸೊಬ್ಬರು ಒಬ್ಬ ಜೀಪ್ ಡ್ರೈವರನ ಹೆಸರು ಹೇಳಿದರು. ಗುಡ್ಡಗಳ ಮೇಲೆ ಗಾಳಿ ಫ್ಯಾನು ನಿಲ್ಲಿಸಲು ಸ್ಪೇನಿನ ಇಂಜಿನಿಯರುಗಳು ಬಂದಿದ್ದಾಗ ಅವರಿಗೆ ಜೀಪ್ ಹೊಡೆದವನಂತೆ.

ಬಸ್ ಸ್ಟ್ಯಾಂಡಿನ ಎದುರು ಒಂದು ಹೋಟೆಲಿನಲ್ಲಿ ಭೇಟಿಯಾದೆವು. ಅವನ ಮುಂದೆ ಮಂಡಕ್ಕಿ ಮಿರ್ಚಿ, ನನ್ನ ಮುಂದೆ ಡೈರಿ.

"ಬರ್ತೈತ್ರಿ ಮೇಡಂ, ಯಾಕ ಬರಂಗಿಲ್ಲ? ಮೂರು ವರ್ಷ ಅವ್ರ ಸಂಗಡ ತಿರುಗೀನಿ" ಎಂದ.

ನಾನು ಡೈರಿ ತೋರಿಸಿ ಓದಿದೆ. ಅವನ ಮುಖ ಅರಳಿತು. ಇದು ದಿನಾ ಕೇಳಿದ ಮಾತು ಎಂದ. ಕಣ್ಣು ಮುಚ್ಚಿ, ಒಂದೇ ಉಸಿರಿಗೆ ಹೇಳಿದ. ಸುಳ್ಳು ಹೇಳಬಾರದು, ಉಚ್ಚಾರ ಬಹಳ ಶುದ್ಧವಾಗಿತ್ತು. ಆದರೆ ವಾಕ್ಯ ಮುಗಿದ ಮೇಲೆ 'ಕಾರಿನ್ಯೊ' ('ಚಿನ್ನಾ' ಎಂದಂತೆ ಎಂದು ಆಮೇಲೆ ತಿಳಿಯಿತು) ಎಂದು ಒಂದು ಶಬ್ದ ಸೇರಿಸಿ, ಐದೂ ಬೆರಳು ಕೂಡಿಸಿ ತುಟಿಗೆ ಮುಟ್ಟಿಸಿ, ಕೂಸಿನ ಕೆನ್ನೆಗೆ ಮಾತ್ರ ಸಲ್ಲಬೇಕಾದ ಒಂದು ಸದ್ದು ಮಾಡಿದ. ಪಕ್ಕದ ಮೇಜಿನ ನಾಲ್ಕೂ ಜನ ಕೈಯಲ್ಲಿ ಮಿರ್ಚಿ ಹಿಡಿದುಕೊಂಡೇ ನಮ್ಮ ಕಡೆ ತಿರುಗಿದರು.

"ಇದೇನು?" ಎಂದೆ.

"ಅದ್ರಾಗೇ ಬರ್ತೈತ್ರಿ."

"ಯಾವುದರಲ್ಲಿ?"

"ಆ ಮಾತಿನ್ಯಾಗ. ನಮ್ಮ ಇಂಜಿನಿಯರ್ ದಿನಾ ಸಂಜಿಮುಂದ ಹಲವಾಗಲು ಹೊಳಿದಂಡಿಗೆ ಜೀಪ್ ನಿಲ್ಲಿಸ್ಸಿ ಮನಿಗೆ ಫೋನ್ ಹಚ್ಚೋರು. ಕಡೀಕ ಈ ಮಾತು ಹೇಳಿ, ಹಿಂಗ ಮಾಡಿ, ಆಮ್ಯಾಲೆ ಫೋನ್ ಇಡೋರು. ಒಂದಿನ ತಪ್ಪಿಸಿಲ್ಲ."

"ಅವರು ತಮ್ಮ ಹೆಂಡತಿಗೆ ಹೇಳುತ್ತಿದ್ದರು."

"ಹೆಂಡ್ತಿ ಪ್ರಶ್ನೆ ಅಲ್ಲ್ರಿ ಮೇಡಂ, ಫೋನ್ ಇಡೋ ಮುಂದ ಹೇಳೋ ಮಾತು ಅದು. ನಾವು 'ಇಡ್ಲೇನ್ರಿ' ಅಂತೀವಲ್ಲ, ಹಂಗ. ನನಗೂ ರೂಢಿ ಆಗೈತಿ. ಗ್ಯಾರೇಜಿನೋನಿಗೆ, ಟೈರಿನಂಗಡಿಯೋನಿಗೆ, ನಮ್ಮ ಮಾವಗ, ಎಲ್ಲಾರಿಗೂ ಇದನ್ನ ಹೇಳೇ ಇಡ್ತೀನಿ."

"ಆ ಸದ್ದೂ ಸೇರಿಸಿಯೇ?"

"ಅದಿಲ್ದಿದ್ರ ಅರ್ಧಕ್ಕ ಬಿಟ್ಟಂಗ ಆಗ್ತೈತ್ರಿ."

ನಾನು ಡೈರಿ ಮುಚ್ಚಿ, ಆ ವಾಕ್ಯಕ್ಕೆ ಏನರ್ಥ, ಅದನ್ನು ಯಾರು ಯಾರಿಗೆ ಹೇಳಬೇಕು ಎಂಬುದನ್ನು ತಗ್ಗಿದ ದನಿಯಲ್ಲಿ, ಆದರೆ ಸ್ಪಷ್ಟವಾಗಿ ತಿಳಿಸಿದೆ. ಅವನು ಕೈಯಲ್ಲಿದ್ದ ಮಿರ್ಚಿಯನ್ನು ತಟ್ಟೆಯಲ್ಲಿಟ್ಟ.

"ಅದಕ್ಕೇ ಏನ್ರಿ, ನಮ್ಮ ಮಾವ ನನ್ನ ಫೋನ್ ಬಂದ್ರ ಅತ್ತಿ ಕೈಯಾಗ ಕೊಡೋದು?" ಎಂದ. ಮಿರ್ಚಿಯನ್ನು ಮತ್ತೆ ಕೈಗೆತ್ತಿಕೊಂಡು, "ಆದ್ರ ಟೈರಿನೋನು ಈಗೀಗ ತಾನೂ ಹಂಗ ಮಾಡೇ ಇಡ್ತಾನಲ್ರಿ" ಎಂದ.

ನಾನು ಅವನ ಬಾಯಿಂದ 'ತೆ' ಬಿಡಿಸಿ 'ಲಾ' ಹಾಕಿಸಿ, ನಾಲ್ಕು ಶಬ್ದಗಳನ್ನು ಮಾತ್ರ ಹತ್ತು ಸಲ ಹೇಳಿಸಿಕೊಂಡೆ. ಐದನೆಯ ಶಬ್ದಕ್ಕೆ ಅವನು ಬಾಯಿ ತೆರೆದಾಗಲೆಲ್ಲ ಕೈ ಎತ್ತಿ ತಡೆದೆ. ಬಸ್ಸಿಗೆ ಹೊರಟು ನಿಂತಾಗ ಅವನು ಕೈ ಮುಗಿದು, "ಏನಾರ ಅನುಮಾನ ಬಂದ್ರ ಫೋನ್ ಮಾಡ್ರಿ ಮೇಡಂ" ಎಂದ.

ಬೇಕಾದರೆ ಪತ್ರ ಬರೆಯುತ್ತೇನೆ ಎಂದೆ.

ಅಕ್ಕನಿಗೆ ಬಂದ ಅನುಮಾನ

ವಾಕ್ಯದ ಸದ್ದು ಬಂತು, ಅದರ ಭಾವ ನಾಲಿಗೆಗೆ ಬರಲಿಲ್ಲ. ಅಂಥ ಮಾತನ್ನು ಒಮ್ಮೆ ಕನ್ನಡದಲ್ಲಾದರೂ ಎದುರಿಗೆ ನಿಂತು ಹೇಳಿ ಅಭ್ಯಾಸ ಮಾಡಬೇಕು ಎನಿಸಿತು. ಹಗರಿಬೊಮ್ಮನಹಳ್ಳಿಯಲ್ಲಿರುವ ನನ್ನ ಅಕ್ಕನ ಮನೆಗೆ ಹೋದೆ. ಅಕ್ಕ ಕಾನ್ವೆಂಟಿಗೆ ಹೋದವಳಲ್ಲ. ಅಪ್ಪನ ಕುರಿಗಳ ಹಿಂದೆ ಬೆಳೆದವಳು.

ಹೊಸ್ತಿಲು ದಾಟುವ ಮೊದಲೇ ಶುರುವಾಯಿತು.

"ಬಾರವ್ವಾ, ಬಾ. ಯಾರೋ ಸರ್ವೇದೋರು ಬಂದಾರ ಅಂದ್ಕಂಡೆ. ದಾರಿ ತಪ್ಪಿ ಬಂದಿ ಏನು? ಒಂದು ಫೋನಿಲ್ಲ, ಒಂದು ಸುದ್ದಿಲ್ಲ. ಹೋದಾಕಿ ಹೊಳ್ಳಿ ನೋಡ್ಲಿಲ್ಲ. ನಾವೇನು ಸತ್ವಿ ಅಂದ್ಕಂಡಿ ಏನು?"

ರೊಟ್ಟಿ ಬಡಿಯುತ್ತ ಬೈದಳು, ಪುಂಡಿಪಲ್ಯ ಬಡಿಸುತ್ತ ಬೈದಳು. ಬೈಗುಳ ಏರಿದಂತೆಲ್ಲ ರೊಟ್ಟಿಯ ಮೇಲೆ ಬೆಣ್ಣೆಯೂ ಏರಿತು. ಇದು ನನಗೆ ಎಂದೂ ಸರಿಬಂದ ರೀತಿಯಲ್ಲ. ಮನುಷ್ಯರು ಮನಸ್ಸಿನಲ್ಲಿದ್ದುದನ್ನು ನೆಟ್ಟಗೆ ಹೇಳಬೇಕು. ನಮ್ಮ ಜನ ಮಾತ್ರ ಪ್ರೀತಿಯನ್ನು ಜಗಳದ ಹಾಗೆ ಆಡುತ್ತಾರೆ. ಬೀದಿಯಲ್ಲಿ ಹೋಗುವವರು ಆಸ್ತಿಯ ವ್ಯಾಜ್ಯ ಎಂದುಕೊಳ್ಳಬೇಕು, ಹಾಗೆ.

"ಅಕ್ಕಾ, ಇಷ್ಟು ಬೈಯುವ ಬದಲು ನಿನ್ನ ನೆನಪಾಗುತ್ತಿತ್ತು ಎಂದು ಒಂದು ಮಾತು ಹೇಳಬಾರದೇ?"

"ಅಂಥಾ ಮಾತು ಮನಿಯಾಗ ಯಾರಾರ ಆಡ್ತಾರೇನು? ಅದಕ್ಕಲ್ಲ, ಹೊಟ್ಟಿ ತುಂಬ ಬೈಯಾದು?"

ಹೇಗೆ ಹೇಳಬೇಕು ಎಂದು ತೋರಿಸಿಕೊಡುವುದು ನನ್ನ ಕರ್ತವ್ಯ ಎನಿಸಿತು. ತಟ್ಟೆ ಬದಿಗಿಟ್ಟು, ಕೈ ತೊಳೆದು, ಸೆರಗು ಸರಿಮಾಡಿಕೊಂಡು, ಅವಳ ಮುಂದೆ ಕೂತು ಹೇಳಿದೆ: "ಅಕ್ಕಾ, ನೀನು ಹತ್ತಿರ ಇಲ್ಲದ್ದು ನನಗೆ ದೊಡ್ಡ ಕೊರತೆ. ನಿನ್ನ ನೆನಪು ನನ್ನನ್ನು ಬಹಳ ಕಾಡುತ್ತದೆ."

ಹಂಚಿನ ಮೇಲಿನ ರೊಟ್ಟಿ ಹೊತ್ತಿ ಹೊಗೆ ಎದ್ದರೂ ಅಕ್ಕ ತಿರುಗಿ ನೋಡಲಿಲ್ಲ. ಹಿಟ್ಟಿನ ಕೈಯಲ್ಲೇ ನನ್ನ ಹಣೆ ಮುಟ್ಟಿದಳು. ಆಮೇಲೆ ಮಣಿಕಟ್ಟು ಹಿಡಿದಳು.

"ಡಾಕ್ಟ್ರು ಏನಂದ್ರು?"

"ಯಾವ ಡಾಕ್ಟರು?"

"ನನ್ನ ಮುಂದ ಮುಚ್ಚಿಡಬ್ಯಾಡ. ಎಷ್ಟು ದಿನ ಅಂದಾರ?"

ಎಷ್ಟು ಹೇಳಿದರೂ ಕೇಳಲಿಲ್ಲ. ನಾನು ಕೊಟ್ಟೂರಿನ ಬಸ್ಸು ಇಳಿಯುವುದರೊಳಗೆ ಸುದ್ದಿ ನನಗಿಂತ ಮೊದಲು ಇಳಿದಿತ್ತು. ಮರುದಿನ ಬೆಳಿಗ್ಗೆ ಹಾಸ್ಟೆಲಿನ ಗೇಟಿನಲ್ಲಿ ಏಳು ಜನ ಸಂಬಂಧಿಕರು. ಎಳನೀರು, ಮೋಸಂಬಿ, ಬ್ರೆಡ್ಡು. ಒಬ್ಬರು ಗಂಜಿಯ ಫ್ಲಾಸ್ಕನ್ನೇ ತಂದಿದ್ದರು. ಮೂವತ್ತು ವರ್ಷ ಆಸ್ಪತ್ರೆಯಲ್ಲಿ ಇಂಥ ಬ್ರೆಡ್ಡು ಹಿಡಿದು ಬಂದವರನ್ನು ಹೊತ್ತು ಮೀರಿತು ಎಂದು ಹೊರಗೆ ಕಳಿಸಿದವಳು ನಾನು. ಈಗ ನಾನೇ ರೋಗಿ.

"ನನಗೆ ಏನೂ ಆಗಿಲ್ಲ" ಎಂದೆ.

ಅವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. "ಹಿಂಗ ಅಂತಾರ ಅಂತ ಅಕ್ಕಾರು ಮೊದ್ಲೇ ಹೇಳಿದ್ರು" ಎಂದು ಒಬ್ಬರು ಕಣ್ಣು ಒರೆಸಿಕೊಂಡರು.

ಆ ವಾರ ನಮ್ಮ ಹುಡುಗಿಯರು ಮೂರು ದಿನ ನಾಷ್ಟಕ್ಕೆ ಬ್ರೆಡ್ಡು ತಿಂದರು. ನಾಲ್ಕನೆಯ ದಿನ ಇನ್ನೊಂದು ಗುಂಪು ಬಂದಾಗ ನನ್ನ ತಾಳ್ಮೆ ಮುಗಿಯಿತು. ಅಕ್ಕನಿಗೆ ಫೋನ್ ಮಾಡಿ, ನಿನಗೆ ಬುದ್ಧಿ ಎಲ್ಲಿ ಹೋಗಿದೆ, ಊರೆಲ್ಲ ಡಂಗುರ ಹೊಡೆಯಲು ಬೇರೆ ಕೆಲಸವಿಲ್ಲವೇ, ಇನ್ನು ನಿನ್ನ ಮನೆಗೆ ಕಾಲಿಟ್ಟರೆ ಕೇಳು ಎಂದು ಎರಡು ನಿಮಿಷ ಬೈದೆ.

ಆ ಕಡೆಯಿಂದ ದೊಡ್ಡದೊಂದು ಉಸಿರು ಕೇಳಿಸಿತು.

"ಸದ್ಯ, ಆರಾಮಾದಿಯಲ್ಲ" ಎಂದಳು ಅಕ್ಕ.

ಬಿಕ್ಕಳಿಕೆಯ ಪರೀಕ್ಷೆ

ನಮ್ಮ ಹಾಸ್ಟೆಲಿನ ಅಡುಗೆಯಾಕೆ ಹಡಗಲಿ ಕಡೆಯವಳು. ಕೈ ಶುದ್ಧ, ಬಾಯಿಗೆ ಮಾತ್ರ ಬೀಗವಿಲ್ಲ. ದಿನಾ ಬೆಳಿಗ್ಗೆ ಚಾದರ ಮಡಚುವಾಗ ನಾನು ಆ ವಾಕ್ಯವನ್ನು ಇಪ್ಪತ್ತು ಸಲ ಹೇಳಿಕೊಳ್ಳುತ್ತಿದ್ದೆ. ಆಕೆ ಬಾಗಿಲ ಹೊರಗೆ ಅಕ್ಕಿ ಆರಿಸುವ ನೆಪದಲ್ಲಿ ಕೂತು ನನಗಿಂತ ಮೊದಲೇ ಅದನ್ನು ಬಾಯಿಪಾಠ ಮಾಡಿದ್ದಳು.

ವಿಡಿಯೋ ಕರೆಗೆ ಒಂದು ವಾರ ಉಳಿದಿತ್ತು. ನಾಷ್ಟದ ಹೊತ್ತಿನಲ್ಲಿ, ಎಲ್ಲಾ ಹುಡುಗಿಯರ ಮುಂದೆ, ನನಗೆ ಬಿಕ್ಕಳಿಕೆ ಹತ್ತಿತು. ನೀರು ಕುಡಿದೆ, ಉಸಿರು ಹಿಡಿದೆ. ನಿಲ್ಲಲಿಲ್ಲ.

"ಯಾರೋ ನಿಮ್ಮನ್ನ ನೆನಸಾಕತ್ಯಾರ್ರಿ" ಎಂದಳು ಅಡುಗೆಯಾಕೆ. "ಒಬ್ಬೊಬ್ರ ಹೆಸರು ಹೇಳ್ಕೊಂತ ಹೋಗ್ರಿ, ನೆನಸ್ದೋರ ಹೆಸರಿಗೆ ನಿಲ್ತೈತಿ."

ಬಿಕ್ಕಳಿಕೆ ಎಂದರೆ ಎದೆ ಮತ್ತು ಹೊಟ್ಟೆಯ ನಡುವಿನ ವಪೆಯ ಸೆಳೆತ, ಎರಡನೆಯ ವರ್ಷದ ಪುಸ್ತಕದಲ್ಲಿದೆ ಎಂದು ನಾನು ಬಿಕ್ಕುತ್ತಲೇ ವಿವರಿಸಿದೆ.

"ಪುಸ್ತಕದಾಗ ಇರ್ಲಿ ಬಿಡ್ರಿ, ಅದಕ್ಕೇನು ತ್ರಾಸು? ಹಗರಿಬೊಮ್ಮನಹಳ್ಳಿ ಅಕ್ಕಾ?"

ಬಿಕ್ಕಳಿಕೆ.

"ಕಾಲೇಜಿನ ಪ್ರಿನ್ಸಿಪಾಲ್ರು?"

ಬಿಕ್ಕಳಿಕೆ.

"ಹರಪನಹಳ್ಳಿ ಡ್ರೈವರು?"

ಎಲ್ಲಕ್ಕಿಂತ ದೊಡ್ಡ ಬಿಕ್ಕಳಿಕೆ. ಹುಡುಗಿಯರ ತಲೆಗಳೆಲ್ಲ ತಟ್ಟೆಯೊಳಗೆ ಬಗ್ಗಿದವು. ಯಾರು ನಕ್ಕರು ಎಂದು ನನಗೆ ಇವತ್ತಿಗೂ ಗೊತ್ತಿದೆ.

"ಹಂಗಾರ, ಸ್ಪೇನಿನ ಸಿಸ್ಟರು?"

ನಿಂತಿತು. ನೀರಿನ ಲೋಟ ಹಿಡಿದು ಕಾದೆ. ಮತ್ತೆ ಬರಲಿಲ್ಲ.

ಇದು ಕಾಕತಾಳೀಯ ಎಂದೆ. ಅಲ್ಲಿ ಈಗ ಇನ್ನೂ ಬೆಳಕು ಹರಿದಿಲ್ಲ, ಎಲ್ಲರೂ ಮಲಗಿರುತ್ತಾರೆ. ಮೇಲಾಗಿ ಅವರಿಗೆ ಯಾರ ನೆನಪೂ ಉಳಿದಿಲ್ಲ, ಪತ್ರದಲ್ಲಿ ಬರೆದಿದ್ದಾರೆ.

ಅಡುಗೆಯಾಕೆ ನನ್ನ ತಟ್ಟೆಗೆ ಉಪ್ಪಿಟ್ಟು ಹಾಕುತ್ತ, "ಮರ್ತೋರು ಬಿಕ್ಕಳಿಕಿ ಯಾಕ ಕಳಸ್ತಾರ್ರಿ?" ಎಂದಳು.

ಊಟದ ಕೋಣೆಯಲ್ಲಿ ಮಾತು ಬೇಡ ಎಂದು ಹೇಳಿ ಎದ್ದೆ.

ಅಂದಿನಿಂದ ಹಾಸ್ಟೆಲಿನಲ್ಲಿ ಯಾರಿಗೆ ಬಿಕ್ಕಳಿಕೆ ಬಂದರೂ ಹುಡುಗಿಯರು ಮೊದಲು ನನ್ನ ಹೆಸರನ್ನೇ ಹೇಳುತ್ತಾರಂತೆ, ಬಹಳ ಸಲ ಅದಕ್ಕೇ ನಿಲ್ಲುತ್ತದಂತೆ. ನಾನು ಅವರನ್ನು ಅಷ್ಟು ನೆನೆಸುವುದಿಲ್ಲ ಎಂದೆ.

"ಅದು ನೆನಪಿಗಲ್ಲ್ರಿ" ಎಂದಳು ಅಡುಗೆಯಾಕೆ. "ಅಂಜಿಕಿಗೆ."

ಮೂಲೆ

ಆ ಭಾನುವಾರ ಮಧ್ಯಾಹ್ನ ಮೂರೂವರೆಗೆ ಹಾಸ್ಟೆಲಿನ ಆಫೀಸಿನಲ್ಲಿ ಲ್ಯಾಪ್‌ಟಾಪ್ ಇಟ್ಟುಕೊಂಡು ಕೂತೆ. ಗಂಜಿ ಹಾಕಿದ ಬಿಳಿ ಸೀರೆ, ಬಿಗಿದ ತುರುಬು. ಹುಡುಗಿಯರು ತಮ್ಮ ಕೋಣೆಗಳಲ್ಲೇ ಇರಬೇಕು ಎಂದು ಅಪ್ಪಣೆ ಮಾಡಿದ್ದೆ. ಅವರೆಲ್ಲ ಆಫೀಸಿನ ಕಿಟಕಿಯಲ್ಲಿದ್ದರು. ಅಡುಗೆಯಾಕೆ ಸೌಟು ಹಿಡಿದು ಬಾಗಿಲಲ್ಲಿದ್ದಳು. ಆ ಗಳಿಗೆಯಲ್ಲಿ ಯಾರನ್ನೂ ಗದರುವ ಶಕ್ತಿ ನನಗಿರಲಿಲ್ಲ.

ಪರದೆಯ ಮೇಲೆ ಕಿರಿಯ ಸಿಸ್ಟರ್ ಕಾಣಿಸಿಕೊಂಡು ಇಂಗ್ಲಿಷಿನಲ್ಲಿ ನಮಸ್ಕಾರ ಹೇಳಿ ಪಕ್ಕಕ್ಕೆ ಸರಿದರು. ಅವರ ಹಿಂದೆ ಕುರ್ಚಿಯಲ್ಲಿ, ಮೊಳಕಾಲ ಮೇಲೆ ಕಂಬಳಿ ಹೊದ್ದು, ಸಿಸ್ಟರ್ ಕೂತಿದ್ದರು. ಅಷ್ಟು ಎತ್ತರದ ಹೆಂಗಸು ಇಷ್ಟು ಸಣ್ಣಗಾಗುತ್ತಾರೆ ಎಂದು ನನಗೆ ಗೊತ್ತಿರಲಿಲ್ಲ.

ನಾನು ಎದ್ದು ನಿಂತು, ಮೂರು ತಿಂಗಳ ವಾಕ್ಯವನ್ನು ಒಂದು ಅಕ್ಷರ ತಪ್ಪದೆ ಹೇಳಿದೆ. "ಸಿಸ್ಟರ್, ಲಾ ಏಚೊ ದೆ ಮೇನೊಸ್."

ಅವರು ಬಹಳ ಮರ್ಯಾದೆಯಿಂದ ತಲೆ ಬಾಗಿಸಿದರು. ಸ್ಪ್ಯಾನಿಷಿನಲ್ಲಿ ನಿಧಾನವಾಗಿ ಏನೋ ಹೇಳಿದರು. ಕಿರಿಯ ಸಿಸ್ಟರ್ ಸಂತೋಷದಿಂದ ಅದನ್ನು ಇಂಗ್ಲಿಷಿಗೆ ಮಾಡಿ ತಿಳಿಸಿದರು: "ನಿಮ್ಮ ಮಾತು ಬಹಳ ಚೆನ್ನಾಗಿದೆ ಅನ್ನುತ್ತಿದ್ದಾರೆ. ನಮ್ಮ ದೇಶದ ಯಾವ ಊರಿನವರು ನೀವು, ಯಾರನ್ನು ನೋಡಲು ಬಂದಿದ್ದೀರಿ ಎಂದು ಕೇಳುತ್ತಿದ್ದಾರೆ."

ನಾನು ಎರಡನೆಯ ಸಲ ಹೇಳಿದೆ, ಮೂರನೆಯ ಸಲ ಹೇಳಿದೆ. ಅವರು ಮೂರು ಸಲವೂ ಅಪರಿಚಿತರಿಗೆ ಬಾಗುವ ಹಾಗೆ ಬಾಗಿದರು. ನಾಲ್ಕು ಶಬ್ದ ಇಷ್ಟು ಶುದ್ಧವಾಗಿ ಕಲಿತದ್ದಕ್ಕೆ ನಾನು ಯಾರೋ ಸ್ಪೇನಿನ ಹೆಂಗಸಾಗಿಬಿಟ್ಟಿದ್ದೆ.

ಆಮೇಲೆ ನಡೆದದ್ದಕ್ಕೆ ನಾನು ಹೊಣೆ ಎಂದು ಒಪ್ಪುತ್ತೇನೆ, ಆದರೆ ಅದನ್ನು ನಾನು ಮಾಡಲು ಹೊರಟಿರಲಿಲ್ಲ. ಸಿಟ್ಟು ಬಂತು, ಅದರ ಜೊತೆ ನನ್ನ ಅಕ್ಕನ ಬಾಯಿ ಬಂತು.

"ಯಾವ ಊರು ಅಂತ ಕೇಳ್ತೀರೇನ್ರಿ? ಹತ್ತು ವರ್ಷ ನಿಮ್ಮ ಕಣ್ಮುಂದ ಬೆಳೆದಾಕಿನ್ನ ಯಾವ ಊರು ಅಂತ ಕೇಳ್ತೀರಿ? ಹೋದೋರು ಹೊಳ್ಳಿ ನೋಡ್ಲಿಲ್ಲ. ಒಂದು ಕಾಗದಿಲ್ಲ, ಒಂದು ಫೋನಿಲ್ಲ. ನಾವೇನು ಸತ್ವಿ ಅಂದ್ಕಂಡ್ರೇನು?"

ನನ್ನ ಬಾಯಿಂದ ಇಂಥ ಕನ್ನಡವನ್ನು ಕಿಟಕಿಯಲ್ಲಿದ್ದ ಹುಡುಗಿಯರು ಎಂದೂ ಕೇಳಿದವರಲ್ಲ. ಸಿಸ್ಟರೂ ಕೇಳಿದವರಲ್ಲ.

ಪರದೆಯ ಮೇಲೆ ಸಿಸ್ಟರ್ ತಲೆ ಎತ್ತಿದರು. ಕನ್ನಡಕ ಸರಿಮಾಡಿಕೊಂಡರು. ಬೆನ್ನು ನೆಟ್ಟಗಾಯಿತು. ಕಂಬಳಿಯ ಒಳಗಿಂದ ಒಂದು ಬೆರಳು ಹೊರಗೆ ಬಂತು. ಆ ಬೆರಳು ನನಗೆ ಚೆನ್ನಾಗಿ ಗೊತ್ತು.

"ಯಾರಲೇ ಅದು," ಎಂದರು, "ಕಾಂಪೌಂಡಿನ್ಯಾಗ ಕನ್ನಡ ಮಾತಾಡಾಕಿ?"

ಕಿರಿಯ ಸಿಸ್ಟರ್ ಗಾಬರಿಯಿಂದ ಮುಂದೆ ಬಂದರು. "ಇದೇ ನೋಡಿ, ನಾನು ಬರೆದಿದ್ದು ಇದನ್ನೇ. ಅರ್ಥವಿಲ್ಲದ ಶಬ್ದಗಳು. ದಿನಾ ಊಟದ ಹೊತ್ತಿನಲ್ಲಿ 'ಸಾಲ ಹಚ್ರಿ, ನುಗ್ಗಬ್ಯಾಡ್ರಿ' ಎಂದು ಏನೋ ಕೂಗುತ್ತಾರೆ. ಪರೀಕ್ಷೆ ಮಾಡಲು ವೈದ್ಯರು ಬಂದರೆ ಅವರಿಗೇ 'ಬಾಯಿ ತೆಗಿ, ನಾಲಿಗಿ ತೋರ್ಸು' ಎನ್ನುತ್ತಾರೆ. ಅದಕ್ಕೆ ವೈದ್ಯರು ಗುಳಿಗೆ ಕೊಟ್ಟಿದ್ದಾರೆ."

ಆ ಶಬ್ದಗಳನ್ನು ಅವರು ಕೇಳಿದ ಹಾಗೆಯೇ ಒಪ್ಪಿಸಿದರು, ಒಂದು ಸ್ವರ ತಪ್ಪಲಿಲ್ಲ. ಬಾಗಿಲಲ್ಲಿ ಅಡುಗೆಯಾಕೆ, "ಎಷ್ಟು ಚೊಲೋ ಮಾತಾಡ್ತಾರಲ್ರಿ ಆ ಸಣ್ಣವ್ವಾರು" ಎಂದಳು.

ಕೂಡ್ಲಿಗಿಯ ಕನ್ನಡಕ್ಕೆ ಗುಳಿಗೆ. ಆ ವೈದ್ಯರಿಗೆ ಮರುದಿನ ನಾನು ಬರೆದ ಪತ್ರ ಮೂರು ಪುಟವಿತ್ತು, ಅದರ ಮಾತು ಇಲ್ಲಿ ಬೇಡ. ಅಂದು ಕಿರಿಯ ಸಿಸ್ಟರಿಗೆ ಇಷ್ಟೇ ಹೇಳಿದೆ: "ಇದು ಗೊಂದಲವಲ್ಲ. ಇದು ಕೂಡ್ಲಿಗಿ."

ಅಷ್ಟರಲ್ಲಿ ಸಿಸ್ಟರ್ ಪರದೆಯ ಹತ್ತಿರ ಬಗ್ಗಿ ನನ್ನನ್ನೇ ನೋಡುತ್ತಿದ್ದರು. "ಕುರಿಯಾತನ ಮಗಳಲ್ಲೇನು ನೀನು? ಎಲ್ಲಾರೂ ಮಾತಾಡಿದ್ರೂ ನೀ ಒಬ್ಬಾಕಿ ಮಾತಾಡ್ತಿದ್ದಿಲ್ಲ. ಈಗ ನಿನಗೂ ಕಲಿಸ್ಯಾರೇನು?"

ಹಳೆಯ ರೂಢಿಯಂತೆ ಇಂಗ್ಲಿಷಿನಲ್ಲಿ, "ಸಾರಿ, ಸಿಸ್ಟರ್" ಎಂದೆ.

ಅವರಿಗೆ ಅದು ತಿಳಿಯಲಿಲ್ಲ. "ಏನಂದಿ? ತಿಳಿಯಂಗ ಹೇಳು."

"ತಪ್ಪಾತ್ರಿ, ಸಿಸ್ಟರ್."

"ನೋಡು, ಮತ್ತ ಕನ್ನಡ" ಎಂದರು. "ಹೋಗು. ಮೂಲ್ಯಾಗ ನಿಂದ್ರು."

ನಾನು ಹೋದೆ. ಬೀರು ಮತ್ತು ನೀರಿನ ಫಿಲ್ಟರಿನ ನಡುವೆ ಆಫೀಸಿನ ಮೂಲೆಯಿದೆ. ಅಲ್ಲಿ ಗೋಡೆಗೆ ಮುಖ ಮಾಡಿ ನಿಂತೆ. ಅರವತ್ತು ದಾಟಿದ ಮೇಲೆ, ನನ್ನ ಕೈಕೆಳಗಿನ ನಲವತ್ತು ಹುಡುಗಿಯರ ಎದುರಿಗೆ, ನನ್ನ ಜೀವಮಾನದಲ್ಲಿ ಮೊದಲ ಸಲ. ಹಿಂದಿನಿಂದ ಸಿಸ್ಟರ್ ಮಾತು ಬರುತ್ತಲೇ ಇತ್ತು. "ನೆಟ್ಟಗ ನಿಂದ್ರು. ಗ್ವಾಡಿಗೆ ಆನಕಬ್ಯಾಡ. ಊಟ ಮಾಡಿಯೋ ಇಲ್ಲೋ, ಎಷ್ಟು ಸೊರಗೀದಿ." ಕಿರಿಯ ಸಿಸ್ಟರ್, ಮೇಡಂ ಎಲ್ಲಿ ಹೋದಿರಿ, ಇವರು ನಗುತ್ತಿದ್ದಾರೆ, ಏನು ಹೇಳಿದರು ಎಂದು ಇಂಗ್ಲಿಷಿನಲ್ಲಿ ಕೂಗುತ್ತಿದ್ದರು. ಆಮೇಲೆ ನೆಟ್‌ವರ್ಕ್ ಹೋಗಿ ಎರಡೂ ದನಿ ನಿಂತವು.

ಸ್ವಲ್ಪ ಹೊತ್ತಿಗೆ ಅಡುಗೆಯಾಕೆ ಹತ್ತಿರ ಬಂದಳು.

"ಮೇಡಂ, ಕಟ್ ಆತ್ರಿ."

"ಗೊತ್ತು."

"ಮತ್ಯಾಕ ನಿಂತೀರಿ?"

"ಗಂಟೆ ಹೊಡೆದಿಲ್ಲ."

ಆಕೆಯ ಚಪ್ಪಲಿಯ ಸದ್ದು ಅಡುಗೆಮನೆಯ ಕಡೆಗೆ ಹೋಯಿತು. ಅಲ್ಲಿ ಊಟದ ಗಂಟೆಗೆಂದು ನಾವು ತೂಗುಹಾಕಿರುವ ರೈಲು ಹಳಿಯ ತುಂಡನ್ನು ಸೌಟಿನಿಂದಲೇ ಢಣಢಣ ಹೊಡೆದಳು. ಗಂಟೆ ನಾಲ್ಕು. ರಾತ್ರಿಯ ಊಟಕ್ಕೆ ಇನ್ನೂ ಮೂರೂವರೆ ತಾಸಿತ್ತು. ಕಿಟಕಿಯಲ್ಲಿದ್ದ ನಲವತ್ತು ಹುಡುಗಿಯರೂ ಏನೂ ನೋಡದವರ ಹಾಗೆ ಹೋಗಿ ತಟ್ಟೆ ಹಿಡಿದು ಸಾಲಾಗಿ ನಿಂತರು.

ಹೊತ್ತಲ್ಲದ ಹೊತ್ತಿನಲ್ಲಿ ಗಂಟೆ ಹೊಡೆದದ್ದಕ್ಕೆ ಆಕೆಯನ್ನು ನಾನು ಬೈಯಲೇಬೇಕಿತ್ತು. ಬೈಯಲಿಲ್ಲ. ಬೈದರೆ ಆಕೆ ಅದನ್ನು ಪ್ರೀತಿ ಎಂದು ತಿಳಿದುಕೊಳ್ಳುತ್ತಾಳೆ.